ವಿನೋದಕ್ಕ ಹಾಕಿಸಿದ ಕುರ್ಚಿಗಳು

ನಾವು ಮಾತಾಡುವಾಗ ವಿನೋದಕ್ಕನ ಕಣ್ಣು ನಮ್ಮ ಮೇಲೆ ಇರುತ್ತಿರಲಿಲ್ಲ. ನಮ್ಮ ಭುಜದಾಚೆ, ರಸ್ತೆಯಲ್ಲಿ ಯಾರೋ ಕೊಡೆ ಮಡಿಸುವುದನ್ನೋ, ಜೀಪಿಗೆ ಒರಗಿ ನಿಂತದ್ದನ್ನೋ ನೋಡುತ್ತಿರುತ್ತಿದ್ದರು. "ಕೇಳಿಸ್ಕಂತಾ ಇದೀನಿ ಕಣೇ, ನೀನು ಹೇಳು" ಎನ್ನುತ್ತಿದ್ದರು. ನಿಜಕ್ಕೂ ಕೇಳಿಸಿಕೊಂಡಿರುತ್ತಿದ್ದರು.

ಮಾರನಹಳ್ಳಿ ಕಡೆಯ ಎಸ್ಟೇಟಿನ ಲೆಕ್ಕ ಬರೆಯುವ ರೈಟರೊಬ್ಬರ ಮಗಳು. ಮೈಸೂರಿನಲ್ಲಿ ಚಿತ್ರಕಲೆ ಕಲಿತು, ಅಲ್ಲೇ ಬಹುಕಾಲ ಪಾಠ ಮಾಡಿ, ಕೂದಲು ಬೆಳ್ಳಗಾದ ಮೇಲೆ ಹಾನುಬಾಳಿಗೆ ಬಂದು ನನ್ನ ಟೈಲರ್ ಅಂಗಡಿಯ ಮೇಲಿನ ಕೋಣೆ ಹಿಡಿದರು. ಕಲಾವಿದೆ ಎಂದರೆ ಬೆಟ್ಟ, ತೊರೆ ಬರೆಯುತ್ತಾರೆಂದುಕೊಂಡಿದ್ದೆ. ಅವರು ಬಣ್ಣದ ಡಬ್ಬಿಯನ್ನೇ ತೆರೆಯಲಿಲ್ಲ. ಬೆಳಿಗ್ಗೆ ಎದುರಿನ ಬಸ್‌ಸ್ಟ್ಯಾಂಡಿಗೆ ಹೋದರೆ ಊಟದ ಹೊತ್ತಿಗೇ ವಾಪಸು.

"ಏನಕ್ಕಾ ನೋಡ್ತೀರ ಅಲ್ಲಿ?" ಎಂದೆ ಒಮ್ಮೆ.

"ಆ ಕಲ್ಲುಬೆಂಚಿನ ಮೇಲೆ ಹೆಂಗಸ್ರು ಕೂತಿದ್ದನ್ನ ಯಾವತ್ತಾದ್ರೂ ಕಂಡಿದೀಯಾ?"

ಕಂಡಿರಲಿಲ್ಲ. ಬೆಂಚು ಖಾಲಿಯಿದ್ದರೂ ತೋಟದ ಕೆಲಸದ ಹೆಂಗಸರು ಬುತ್ತಿಚೀಲ ಹಿಡಿದು ಕಂಬದ ಪಕ್ಕ ನಿಂತೇ ಇರುತ್ತಿದ್ದರು.

ಕೆಲವು ದಿನ ಬಿಟ್ಟು ವಿನೋದಕ್ಕ ಎಸ್ಟೇಟ್ ಲೈನಿನಲ್ಲಿ ಕೂಲಿಯವರ ಮನೆಮನೆಗೂ ಹೋಗಿ, ಆ ಹೆಂಗಸರು ಮನೆಯಲ್ಲಿ ಯಾವುದರ ಮೇಲೆ ಕೂರುತ್ತಾರೋ ಅದನ್ನೇ ಕೇಳಿ ತಂದರು. ಪ್ಲಾಸ್ಟಿಕ್ ಕುರ್ಚಿ, ಮರದ ಮಣೆ, ಕುಂಟುವ ಸ್ಟೂಲು. ಎಲ್ಲವನ್ನೂ ಬಸ್‌ಸ್ಟ್ಯಾಂಡಿನೊಳಗೆ ಸಾಲಾಗಿ ಇಡಿಸಿ, "ಇದೇ ನಾನು ಬರೆದ ಚಿತ್ರ" ಎಂದರು. ಜನ ನಕ್ಕರು.

ಸಂಜೆ ತೋಟದ ಕೆಲಸ ಮುಗಿಸಿ ಬಂದ ಗಂಗಮ್ಮ ತನ್ನ ಮಣೆಯನ್ನು ಗುರುತು ಹಿಡಿದು, ಅತ್ತಿತ್ತ ನೋಡಿ, ಸೆರಗು ಸರಿಮಾಡಿಕೊಂಡು ಕೂತಳು. ಅವಳನ್ನು ನೋಡಿ ಉಳಿದವರೂ ಕೂತರು. ಅಷ್ಟರಲ್ಲಿ ಪಂಚಾಯ್ತಿ ಮೆಂಬರೊಬ್ಬರು ಬಂದು ರೇಗಿದರು.

"ಏನ್ ಮೇಡಮ್ಮೋರೆ, ಬಸ್‌ಸ್ಟ್ಯಾಂಡ್ ಏನ್ ಮದ್ವೆಮನೆಯಾ? ಎತ್ತಿಸ್ರೀ ಇದನ್ನೆಲ್ಲಾ."

ವಿನೋದಕ್ಕ ಬಾಯಿ ತೆರೆಯುವ ಮೊದಲು ಗಂಗಮ್ಮನೇ ಕೂತಲ್ಲಿಂದ ಹೇಳಿದಳು: "ಮದ್ವೆಯಾಗಿ ಬಂದಾಗಿಂದ ಇಲ್ಲಿ ನಿಂತೇ ಇದೀನಿ ಕಣಪ್ಪ. ಬಸ್ ಬರೋಗಂಟ ಕೂತಿರ್ತೀನಿ. ಆಮೇಲೆ ಎತ್ತಿಸ್ಕೋ."

ಬಸ್ಸು ಬಂತು, ಕುರ್ಚಿಗಳು ಹೋದವು. ಮರುದಿನ ಸಂಜೆ ಗಂಗಮ್ಮ ನೇರವಾಗಿ ಕಲ್ಲುಬೆಂಚಿಗೆ ಹೋಗಿ ಕೂತಳು. ಅಲ್ಲಿದ್ದ ಗಂಡಸರು ಸರಿದು ಜಾಗ ಬಿಟ್ಟರು. ಅಂಗಡಿಯೊಳಗಿಂದ ಅದನ್ನು ನೋಡುತ್ತಾ ವಿನೋದಕ್ಕ ನನ್ನ ಕೈ ಹಿಡಿದುಕೊಂಡು ಅತ್ತೇಬಿಟ್ಟರು.

ಅವರನ್ನು ಕೊನೆಯದಾಗಿ ಕಂಡದ್ದು ಹೋದ ಮಳೆಗಾಲ, ಸಕಲೇಶಪುರದ ಆಸ್ಪತ್ರೆಯಲ್ಲಿ. ಏಳುವ ಶಕ್ತಿ ಇರಲಿಲ್ಲ. ನಾನು ತಂದ ಗಂಜಿಯನ್ನು ಪಕ್ಕಕ್ಕೆ ಸರಿಸಿ, "ಹೊರಗೆ ಜನ ಹೆಂಗೆ ಕಾಯ್ತಿದಾರೆ, ನೋಡ್ಕಂಡ್ ಬಂದು ಹೇಳೇ" ಎಂದರು.

ಹೋಗಿ ಬಂದೆ. "ಒಬ್ಬ ಅಜ್ಜ ಹೆಂಡ್ತಿ ಚಪ್ಪಲಿ ಹಿಡ್ಕಂಡು ಕೂತಿದಾನೆ ಅಕ್ಕ."

"ಒಂದ್ ಕೈಲೋ, ಎರಡೂ ಕೈಲೋ?"

"ಅದ್ ನೋಡ್ಲಿಲ್ಲ."

"ಸರಿಯಾಗಿ ನೋಡ್ಕಂಡ್ ಬಾ ಮಾರಾಯ್ತಿ."

ಮತ್ತೆ ಹೋದೆ. ಅಜ್ಜ ಚಪ್ಪಲಿಗಳನ್ನು ಎರಡೂ ಕೈಯಿಂದ ಎದೆಗೆ ಒತ್ತಿಕೊಂಡಿದ್ದ. ಕೆಸರು ಅಂಗಿಗೆಲ್ಲಾ ಮೆತ್ತಿತ್ತು. ಹೇಳೋಣವೆಂದು ಒಳಗೆ ಬಂದರೆ ವಿನೋದಕ್ಕನಿಗೆ ನಿದ್ದೆ ಹತ್ತಿತ್ತು. ಎಬ್ಬಿಸಲು ಮನಸ್ಸಾಗಲಿಲ್ಲ. ನಾಳೆ ಹೇಳಿದರಾಯಿತೆಂದು ಹೊದಿಕೆ ಸರಿಮಾಡಿ ಬಸ್ಸಿಗೆ ಹೊರಟೆ.