ಹ್ಯಾಡನ್ನನ ಫ್ರೆಂಚ್ ಕಂಠ

ಫೋನ್ ಬಂದಾಗ ಇವೋಂ ಬೆಸ್ನಾರ್ ಅವರು ಮೊಂತ್ರೆಯ್‌ನ ತಮ್ಮ ಅಡುಗೆಮನೆಯಲ್ಲಿ ತಲೆಯ ಮೇಲೆ ಟವೆಲ್ಲು ಹೊದ್ದು, ಬೋಗುಣಿಯ ಬಿಸಿನೀರಿನ ಹಬೆಯನ್ನು ಗಂಟಲಿಗೆ ಎಳೆದುಕೊಳ್ಳುತ್ತಿದ್ದರು. ಎಪ್ಪತ್ತಮೂರನೆಯ ವಯಸ್ಸಿನಲ್ಲಿ ದಿನದ ಮೊದಲ ಕೆಲಸ ಅದೇ. ಹಬೆಯಿಲ್ಲದೆ ಬೆಳಗಿನ ಮೊದಲ ಮಾತು ಹೊರಡುತ್ತಿರಲಿಲ್ಲ; ಹೊರಟರೂ ಅದು ಅವರ ಮಾತಾಗಿರುತ್ತಿರಲಿಲ್ಲ.

ಹೆಂಡತಿ ಒಡೆಟ್ ಟವೆಲ್ಲಿನ ಒಂದು ತುದಿ ಎತ್ತಿ ಫೋನನ್ನು ಒಳಗೆ ತೂರಿಸಿದರು. "ಪ್ರಾದೆಲ್ ಕಣೋ. ದನಿ ಕೇಳಿದ್ರೆ ಯಾರೋ ಸತ್ತಂಗಿದೆ."

"ಹೇಳಪ್ಪ ಮರಿ," ಎಂದರು ಬೆಸ್ನಾರ್. ಲೊಯಿಕ್ ಪ್ರಾದೆಲ್‌ಗೆ ಆಗ ನಲವತ್ತಾರು ವರ್ಷ. ಆದರೂ ಕಂಠದಾನದ ಸ್ಟುಡಿಯೋಗಳಲ್ಲಿ ಬೆಸ್ನಾರ್ ಕೈಕೆಳಗೆ ಪಳಗಿದವರೆಲ್ಲ ಅವರಿಗೆ ಮರಿಗಳೇ.

"ಇವೋಂ, ಹ್ಯಾಡನ್ನನ ಹೊಸ ಪಿಕ್ಚರ್ ಬಂದಿದೆ. ಕಂಠ ಪರೀಕ್ಷೆಗೆ ನನ್ನ ಕರೆದಿದ್ದಾರೆ."

"ಹ್ಯಾಡನ್ನನ ಕಂಠ ನಾನಲ್ವೇನೋ?"

"ಅದಕ್ಕೇ ಫೋನ್ ಮಾಡಿದ್ದು. ನಿಮ್ಮನ್ನೂ ಕರೀತಾರಂತೆ."

"ಪರೀಕ್ಷೆಗೆ?"

"ಹೂಂ. ಪರೀಕ್ಷೆಗೆ."

ಬೆಸ್ನಾರ್ ಟವೆಲ್ಲನ್ನು ತಲೆಯಿಂದ ತೆಗೆದರು.

ಈ ಕರೆಯ ತೂಕ ಕಸುಬಿನ ಹೊರಗಿನವರಿಗೆ ತಿಳಿಯಲಾರದು. ಪರದೇಶದ ನಟನೊಬ್ಬನ ಮುಖಕ್ಕೆ ಒಂದು ಫ್ರೆಂಚ್ ಕಂಠ ಒಗ್ಗಿತೆಂದರೆ, ಆ ಕಂಠದವನು ಬದುಕಿರುವಷ್ಟು ಕಾಲ ಆ ಮುಖ ಅವನದು. ಯಾವ ಕಾನೂನೂ ಹೀಗೆನ್ನುವುದಿಲ್ಲ, ಯಾವ ಕರಾರಿನಲ್ಲೂ ಇದು ಇಲ್ಲ. ವಿತರಕರು ಬೇರೊಬ್ಬನನ್ನು ಕರೆದರೆ, ಆ ಬೇರೊಬ್ಬನು ಒಪ್ಪುವ ಮೊದಲು ಹಳಬನಿಗೆ ಫೋನ್ ಮಾಡಿ ಕೇಳಬೇಕು. ಹಳಬನು ಬೇಡವೆಂದರೆ ಹಿಂದೆ ಸರಿಯಬೇಕು. ತೊಂಬತ್ತನಾಲ್ಕರ ಚಳಿಗಾಲದ ಮುಷ್ಕರದಲ್ಲಿ ಕಂಠದಾನದ ನಟರೆಲ್ಲ ಕೆಲಸ ನಿಲ್ಲಿಸಿ ಬೀದಿಯಲ್ಲಿದ್ದಾಗ, ರಾಯ್ಸ್ ಹ್ಯಾಡನ್‌ನ ಒಂದು ಚಿತ್ರಕ್ಕೆ ಯಾರೋ ಒಬ್ಬ ಕದ್ದು ಮಾತು ಕೊಟ್ಟ. ಅವನು ಫೋನ್ ಮಾಡಿರಲಿಲ್ಲ. ಆಮೇಲೆ ಬಹಳ ವರ್ಷ, ಸ್ಟುಡಿಯೋದ ಪಕ್ಕದ ಕೆಫೆಯಲ್ಲಿ ಅವನು ಕುರ್ಚಿ ಎಳೆದುಕೊಂಡರೆ ಮೇಜಿನ ಮಾತು ನಿಲ್ಲುತ್ತಿತ್ತು. ನಿಲ್ಲಿಸುತ್ತಿದ್ದವರಲ್ಲಿ ಬೆಸ್ನಾರ್ ಮೊದಲಿಗರು.

ಬೆಸ್ನಾರ್ ಅವರ ವಿಷಯವಾಗಿ ಅಂತರ್ಜಾಲದಲ್ಲಿರುವ ಐದು ಸಾಲುಗಳಲ್ಲಿ ನಾಲ್ಕು ತಪ್ಪು. ಅವರು ಹುಟ್ಟಿದ್ದು ಲಿಯೋಂ ನಗರದಲ್ಲಲ್ಲ, ಸಾಂತ್-ಎತಿಯೆನ್‌ನಲ್ಲಿ. ತಂದೆ ಗಣಿಯ ಮೇಲ್ವಿಚಾರಕರಲ್ಲ, ರಿಬ್ಬನ್ ನೇಯುವವರು. ಅವರು ಧ್ವನಿ ಕಲಾವಿದರಾಗಿ ವೃತ್ತಿ ಆರಂಭಿಸಿದವರೂ ಅಲ್ಲ. ಪ್ಯಾರಿಸ್ಸಿನ ನಾಟಕಶಾಲೆಯಲ್ಲಿ ಕಲಿತು, ಅಲ್ಜೀರಿಯದಲ್ಲಿ ಸೇನೆಯ ಕಡ್ಡಾಯ ಸೇವೆ ಮುಗಿಸಿ ಬಂದು, ಹತ್ತು ವರ್ಷ ಊರೂರು ತಿರುಗಿ ರಂಗದ ಮೇಲೆ ಅಭಿನಯಿಸಿದವರು. ವ್ಯಾನಿನಲ್ಲಿ ರಂಗಸಜ್ಜಿಕೆಯ ಹಲಗೆಗಳ ಮೇಲೆ ಮಲಗಿ, ಶಾಲೆಯ ಊಟದ ಮನೆಗಳಲ್ಲಿ ಬಣ್ಣ ಹಚ್ಚಿಕೊಂಡು, ರಾಜರನ್ನೂ ಜಿಪುಣರನ್ನೂ ಆಡಿದವರು. ಸಿನೆಮಾದಲ್ಲಿ ಅವರಿಗೆ ಸಿಕ್ಕಿದ್ದು ಬಹುತೇಕ ಪೊಲೀಸ್ ಅಧಿಕಾರಿಯ ಪಾತ್ರ, ಉಳಿದಂತೆ ಹೆಣದ ಪಾತ್ರ. ಇಷ್ಟಕ್ಕೆ ಒಬ್ಬ ಪತ್ರಕರ್ತ "ಮುಖ ಗೆಲ್ಲದೆ ಮೈಕಿನ ಹಿಂದೆ ಅಡಗಿದ ನಟ" ಎಂದು ಬರೆದ. ಅಡಗುವುದು ಎಂದರೇನೆಂದು ಆ ಮಹಾಶಯನಿಗೆ ತಿಳಿಯಬೇಕಾದರೆ, ಕಂಠದಾನದ ಕತ್ತಲ ಕೋಣೆಯಲ್ಲಿ, ಮೈಕಿನ ಮುಂದೆ ನಟರಿಗೆಂದು ನೆಟ್ಟ ಸೊಂಟದ ಮಟ್ಟದ ಕಬ್ಬಿಣದ ಕಂಬಿಯನ್ನು ಹಿಡಿದು ಒಮ್ಮೆ ನಿಲ್ಲಬೇಕಿತ್ತು. ಎದುರಿಗೆ ಚಿತ್ರ ಓಡುತ್ತದೆ. ಅದರ ಕೆಳಗೆ ಮಾತುಗಳನ್ನು ಬರೆದ ಪಟ್ಟಿ ಬಲದಿಂದ ಎಡಕ್ಕೆ ಹರಿಯುತ್ತದೆ. ಅಕ್ಷರ ಪರದೆಯ ಎಡಬದಿಯ ನೆಟ್ಟನೆಯ ಗೆರೆಯನ್ನು ಮುಟ್ಟಿದ ಕ್ಷಣದಲ್ಲಿ ಅದು ಬಾಯಿಂದ ಹೊರಡಬೇಕು, ಓದಿದಂತೆ ಕೇಳಬಾರದು, ಆ ಪರದೇಶಿಯ ಅಳು ನಿಮ್ಮ ಅಳುವಾಗಬೇಕು. ಅಡಗಲು ಅಲ್ಲಿ ಜಾಗವೆಲ್ಲಿದೆ?

ಸಾವಿರದ ಒಂಬೈನೂರ ಎಪ್ಪತ್ತೊಂಬತ್ತರಲ್ಲಿ ಅವರಿಗೆ ರಾಯ್ಸ್ ಹ್ಯಾಡನ್ ಸಿಕ್ಕಿದ. ಅಮೆರಿಕದ ಈ ನಟ ಉದ್ದನೆಯ ಮುಖದವನು, ಕಡಿಮೆ ಮಾತಿನವನು. ಅವನಿಗೆ ಒಂದು ಅಭ್ಯಾಸವಿತ್ತು: ಎಡಭುಜ ತುಸು ಏರಿಸಿ ಉಸಿರು ತುಂಬಿಕೊಂಡು, ಎಷ್ಟೇ ಉದ್ದದ ವಾಕ್ಯವನ್ನಾದರೂ ಒಂದೇ ಉಸಿರಿಗೆ ಮುಗಿಸಿ, ಕೊನೆಯ ಪದವನ್ನು ಎಲ್ಲಿಗೋ ಬೀಳಿಸಿಬಿಡುವುದು. ಎರಡನೆಯ ಚಿತ್ರದ ಹೊತ್ತಿಗೆ ಬೆಸ್ನಾರ್ ಪಟ್ಟಿಯನ್ನು ನೋಡುವುದನ್ನೇ ಬಿಟ್ಟರು. ಆ ಭುಜವನ್ನು ನೋಡಿದರೆ ಸಾಕಿತ್ತು. ಮುಷ್ಕರದ ಆ ಒಂದು ಚಿತ್ರ ಬಿಟ್ಟರೆ, ಮೂವತ್ತೆರಡು ವರ್ಷಗಳಲ್ಲಿ ಹ್ಯಾಡನ್ ಫ್ರೆಂಚರಿಗೆ ಆಡಿದ ಮಾತೆಲ್ಲ ಬೆಸ್ನಾರ್ ಆಡಿದ್ದು. ಕಟುಕನ ಅಂಗಡಿಯಲ್ಲಿ ಅವರು "ಅರ್ಧ ಕಿಲೋ" ಎಂದರೆ ಸರದಿಯಲ್ಲಿದ್ದ ಹೆಂಗಸರು ತಿರುಗಿ ನೋಡುತ್ತಿದ್ದರು, ಬಳಿಕ ಮುಖ ನೋಡಿ ನಿರಾಶರಾಗುತ್ತಿದ್ದರು. ಇಬ್ಬರೂ ಒಮ್ಮೆಯೂ ಭೇಟಿಯಾಗಲಿಲ್ಲ. ಭೇಟಿಯಾಗಿದ್ದರೆಂದು ಅಂತರ್ಜಾಲ ಹೇಳುತ್ತದೆ, ಅದೂ ಸುಳ್ಳು.

ಪರೀಕ್ಷೆಯ ದಿನ ಬೆಸ್ನಾರ್ ಬೂದು ಕೋಟು ತೊಟ್ಟು ಹೊರಟಾಗ, ಒಡೆಟ್ ಬಾಗಿಲಲ್ಲಿ ನಿಂತು ರಂಗಭೂಮಿಯವರು ಶುಭ ಕೋರುವ ಬದಲು ಆಡುವ ಆ ಹೊಲಸು ಪದವನ್ನು ಹೇಳಿದರು.

"ಥ್ಯಾಂಕ್ಸ್," ಎಂದರು ಬೆಸ್ನಾರ್.

ಆ ಮಾತಿಗೆ ಥ್ಯಾಂಕ್ಸ್ ಹೇಳಿದರೆ ಅಪಶಕುನವೆಂಬುದು ರಂಗದ ಮೇಲೆ ಈಟಿ ಹಿಡಿದು ನಿಲ್ಲುವವನಿಗೂ ಗೊತ್ತು.

"ಹೇಳ್ಬಿಟ್ಯಲ್ಲೋ ಪುಣ್ಯಾತ್ಮ!" ಎಂದರು ಒಡೆಟ್. "ಐವತ್ತು ವರ್ಷದಲ್ಲಿ ಒಂದ್ಸಲಾನೂ ಹೇಳಿರ್ಲಿಲ್ಲ."

"ಸುಸ್ತಾಗಿದೆ ಕಣೇ. ಪರೀಕ್ಷೆ ಬರೆಯೋ ವಯಸ್ಸಾ ಇದು?"

ಸಾಂತ್-ಊಆಂನ ಸ್ಟುಡಿಯೋದಲ್ಲಿ ಕಂಠದಾನದ ನಿರ್ದೇಶಕಿ ಜೊಸ್ಲೀನ್ ವೆರ್ದೋಂ ಅವರನ್ನು ಎರಡೂ ಕೆನ್ನೆಗೆ ಮುತ್ತಿಟ್ಟು ಸ್ವಾಗತಿಸಿದಳು. ಕಣ್ಣಿಗೆ ಕಣ್ಣು ಕೊಡಲಿಲ್ಲ. ಗಾಜಿನ ಆಚೆ ವಿತರಕರ ಕಡೆಯ ಮಹಿಳೆ ಕುಳಿತಿದ್ದಳು; ಸೌಜನ್ಯವಂತಳೇ, ಎದ್ದು ನಿಂತು ನಮಸ್ಕರಿಸಿದಳು. ದೃಶ್ಯ ಚಿಕ್ಕದು. ಹ್ಯಾಡನ್ ನಿವೃತ್ತ ನ್ಯಾಯಾಧೀಶ. ತಾನು ಹಿಂದೆ ಜೈಲಿಗೆ ಕಳಿಸಿದವನನ್ನು ನೋಡಲು ಹೊರಟಿದ್ದಾನೆ. ಏಕೆ ಹೋಗುವೆ ಎಂದು ಮಗಳು ಕೇಳುತ್ತಾಳೆ.

ಬೆಳಕು ಆರಿತು. ಬೆಸ್ನಾರ್ ಕಂಬಿ ಹಿಡಿದರು. ಪರದೆಯ ಮೇಲೆ ಎಡಭುಜ ಏರಿತು, ಬೆಸ್ನಾರ್ ಉಸಿರು ತುಂಬಿಕೊಂಡರು, ಮಾತು ಅದರ ಪಾಡಿಗೆ ಹರಿಯಿತು: "ಅವನಿಗೆ ಶಿಕ್ಷೆ ಕೊಟ್ಟಾಗ ನನಗೆ ಒಂದಿಷ್ಟೂ ಅನುಮಾನ ಇರ್ಲಿಲ್ಲ, ಈಗ್ಲೂ ಇಲ್ಲ, ಆದ್ರೆ ನಿದ್ದೆ ಬರಲ್ಲ." ಹಳೆಯ ಮಖಮಲ್ಲಿನ ದನಿ, ಹಬೆಯ ಪುಣ್ಯ. ಕೊನೆಯ ಪದ ಬೀಳಬೇಕಾದಲ್ಲಿ ಬಿತ್ತು.

ಪರದೆಯ ಮೇಲೆ ಹ್ಯಾಡನ್‌ನ ಬಾಯಿ ಇನ್ನೂ ಆಡುತ್ತಿತ್ತು.

ಎರಡನೆಯ ಸಲವೂ ಹಾಗೆಯೇ ಆಯಿತು: ದನಿ ದಡ ಸೇರಿದ ಮೇಲೆ ಬಾಯಿ ತಡವಾಗಿ ಹಿಂದೆ ಬಂತು.

"ಪಟ್ಟಿ ಸರಿಯಾಗಿ ಕೂರ್ಸಿಲ್ಲ, ಜೊಸ್ಲೀನ್," ಎಂದರು ಬೆಸ್ನಾರ್ ಸಿಟ್ಟಿನಿಂದ. "ಕೈಯಲ್ಲಿ ಬರೀತಿದ್ದ ಕಾಲದಲ್ಲಿ ಇಂಥಾ ತಪ್ಪು ಆಗ್ತಿರ್ಲಿಲ್ಲ. ಈಗ ಕಂಪ್ಯೂಟರ್ ಮುಂದೆ ಯಾರ್ಯಾರನ್ನೋ ಕೂರಿಸ್ತೀರಿ."

"ಪಟ್ಟಿ ಸರಿ ಇದೆ, ಇವೋಂ. ನೀವು ಪಟ್ಟಿ ನೋಡ್ತಾನೇ ಇಲ್ಲ."

"ನಾನು ಯಾವತ್ತು ನೋಡಿದ್ದೆ?"

ಜೊಸ್ಲೀನ್ ಮೂಲದ ದನಿಯನ್ನು ಹಾಕಿದಳು. ಕತ್ತಲಲ್ಲಿ ಹ್ಯಾಡನ್ ತನ್ನ ಭಾಷೆಯಲ್ಲಿ ಮಾತಾಡಿದ. ಭುಜ ಏರಿತು, ನಾಲ್ಕು ಪದಕ್ಕೆ ಉಸಿರು ಮುಗಿಯಿತು. ಮತ್ತೆ ಎಳೆದುಕೊಂಡ, ಮತ್ತೆರಡು ಪದ. ನಡುವೆ ಎಲ್ಲೋ ಒಂದು ಸಣ್ಣ ಸಿಳ್ಳಿನಂಥ ಸದ್ದು. ಕೊನೆಯ ಪದವನ್ನು ಅವನು ಬೀಳಿಸಲಿಲ್ಲ. ಅದು ಅವನ ಕೈಯಿಂದ ತಾನಾಗಿ ಜಾರಿತು.

"ಇವನಿಗೇನಾಯ್ತು?" ಎಂದರು ಬೆಸ್ನಾರ್.

"ಎಪ್ಪತ್ತೆಂಟು ಆಯ್ತು," ಎಂದಳು ಜೊಸ್ಲೀನ್.

ಬೆಸ್ನಾರ್ ಕಂಬಿಯನ್ನು ಬಿಟ್ಟು ಮತ್ತೆ ಹಿಡಿದರು. ಅವರು ಇಷ್ಟು ಹೊತ್ತು ಹತ್ತು ವರ್ಷದ ಹಿಂದಿನ ಹ್ಯಾಡನ್ನನಿಗೆ ಮಾತು ಕೊಡುತ್ತಿದ್ದರು. ಪರದೆಯಲ್ಲಿದ್ದವನ ಮುಖವನ್ನು ಅವರು ನೋಡಿರಲೇ ಇಲ್ಲ. ಮೂರನೆಯ ಸಲ ಅವರು ಭುಜವನ್ನೂ ಬಿಟ್ಟು, ಹೊಸಬನಂತೆ ಪಟ್ಟಿಯನ್ನು ಓದಿದರು. ಉಸಿರು ಎಲ್ಲೆಲ್ಲಿ ಮುರಿಯಿತೋ ಅಲ್ಲಲ್ಲೇ ಮುರಿದರು. ಅದಕ್ಕೆ ಅವರು ನಟಿಸಬೇಕಾಗಿ ಬರಲಿಲ್ಲ. ಒಂದು ಅಕ್ಷರವೂ ಆಚೀಚೆ ಆಗಲಿಲ್ಲ. ಬೆಳಕು ಬಂದಾಗ ಜೊಸ್ಲೀನ್‌ಳ ಕಣ್ಣು ಒದ್ದೆಯಾಗಿತ್ತು. ಗಾಜಿನ ಆಚೆಯ ಮಹಿಳೆ ತಲೆ ತಗ್ಗಿಸಿ ಏನೋ ಯೋಚಿಸುತ್ತಿದ್ದಳು.

ಎರಡು ದಿನ ಬಿಟ್ಟು ಫೋನ್ ಮಾಡಿದ್ದು ಪ್ರಾದೆಲ್.

"ನನ್ನ ಆರಿಸಿದ್ದಾರೆ, ಇವೋಂ."

"ನನ್ನ ಬಗ್ಗೆ ಏನಂದ್ರಂತೆ?"

ಪ್ರಾದೆಲ್ ತಡವರಿಸಿದ. "ಬಿಡಿ ಅದೆಲ್ಲ."

"ಹೇಳೋ."

"ಹ್ಯಾಡನ್ ಥರಾ ಕೇಳ್ಸಲ್ಲ ಅಂದ್ರಂತೆ. ತೀರಾ ಮುದುಕನ ದನಿ ಅಂತೆ. ಜನ ಹಳೇ ಹ್ಯಾಡನ್ನನ್ನೇ ಕೇಳ್ತಾರಂತೆ."

ಇದಕ್ಕಿಂತ ದೊಡ್ಡ ಅವಿವೇಕ ಇನ್ನೊಂದಿರಲಾರದು. ಹ್ಯಾಡನ್ನನೇ ಈಗ ಹ್ಯಾಡನ್ನನ ಹಾಗೆ ಕೇಳಿಸುವುದಿಲ್ಲ. ಹಾಗಾದರೆ ಅವನನ್ನೂ ಪರೀಕ್ಷೆಗೆ ಕರೆದು ಹೊರಗೆ ಕಳಿಸಬೇಕಿತ್ತು. ಬೆಸ್ನಾರ್‌ಗೆ ಬಾಯಿತುಂಬ ಬೈಯಬೇಕೆನಿಸಿತು. ಆದರೆ ಮೊದಲೆರಡು ಸಲ ಕತ್ತಲಲ್ಲಿ ತಾವೇ ಕೊಟ್ಟ ಆ ಮಖಮಲ್ಲಿನ ದನಿ ನೆನಪಾಗಿ, ಬೈಗುಳ ಗಂಟಲಲ್ಲೇ ಉಳಿಯಿತು. ವಿತರಕರಿಗೆ ಬೇಕಾಗಿದ್ದುದು ಅದೇ ದನಿ.

"ನೀವು ಬೇಡ ಅಂದ್ರೆ ಬೇಡ," ಎಂದ ಪ್ರಾದೆಲ್. "ಈಗ್ಲೇ ಫೋನ್ ಮಾಡಿ ಒಲ್ಲೆ ಅಂತೀನಿ. ನಿಮ್ಮಾಣೆ."

"ಮಧ್ಯಾಹ್ನ ಹೇಳ್ತೀನಿ," ಎಂದು ಬೆಸ್ನಾರ್ ಫೋನ್ ಇಟ್ಟರು.

ಒಡೆಟ್ ಸೂಪಿನ ಪಾತ್ರೆಯನ್ನು ಮೇಜಿನ ಮೇಲಿಟ್ಟು ಎದುರಿಗೆ ಕುಳಿತರು. "ಬೇಡ ಅಂದ್ರೆ ನಿಂಗೆ ಸಿಗುತ್ತೇನು?"

"ಇಲ್ಲ."

"ಮತ್ತೆ ಯಾರಿಗೆ?"

"ಮೂರನೇ ಒಬ್ಬನಿಗೆ. ಅವನು ಫೋನ್ ಮಾಡಲ್ಲ."

"ಹಂಗಾದ್ರೆ ಇದೇನು ಯೋಚ್ನೆ? ಆ ಪಾಪದೋನು ಹುಟ್ಟಿದಾಗಿಂದ ಹಿಂದ್ಗಡೆ ನಿಲ್ಲೋ ಪೊಲೀಸ್ನೇ ಆಡ್ತಿದಾನೆ."

"ಬೇಡ ಅನ್ನೋ ಹಕ್ಕು ಇದೆ ಕಣೇ ನಂಗೆ. ಇರೋದು ಅದೊಂದೇ."

"ಇದೆ. ಅನ್ನು ಹಂಗಾದ್ರೆ. ಅಂದು, ಬಂದು ಇಲ್ಲಿ ನನ್ನೆದುರು ಕೂತು ದಿನಾ ಸೂಪ್ ಕುಡಿ."

ಬೆಸ್ನಾರ್ ಸೂಪು ಕುಡಿದರು. ರೊಟ್ಟಿಯ ತುಂಡಿನಿಂದ ತಟ್ಟೆಯನ್ನು ಒರೆಸಿ ತಿಂದರು. ತಮಗೆ ಬೇಕಾಗಿರುವುದು ಏನೆಂದು ಆ ಹೊತ್ತಿನಲ್ಲಿ ಅವರಿಗೆ ಸ್ಪಷ್ಟವಾಯಿತು. ಅದು ಔದಾರ್ಯವೇನೂ ಅಲ್ಲ. ಅವರನ್ನು ಆಮೇಲೆ ತ್ಯಾಗಿಯೆಂದು ಹೊಗಳಿದವರು ವಿಷಯ ತಿಳಿಯದವರು. ಅವರಿಗೆ ಹ್ಯಾಡನ್ನನನ್ನು ಬಿಟ್ಟು ಮನೆಯಲ್ಲಿ ಕೂರುವುದು ಸಾಧ್ಯವಿರಲಿಲ್ಲ, ಅಷ್ಟೆ. ಪ್ರಾದೆಲ್‌ಗೆ ಫೋನ್ ಮಾಡಿದರು.

"ತಗೋ ಮರಿ. ಆದ್ರೆ ಜೊಸ್ಲೀನ್‌ಗೆ ಹೇಳು, ಆ ಪಿಕ್ಚರ್‌ನಲ್ಲಿ ಹ್ಯಾಡನ್ನನ್ನ ನದಿ ದಾಟಿಸೋ ದೋಣಿಯವನು ಒಬ್ಬ ಇದಾನಂತೆ. ಅವನು ನಂಗೆ ಬೇಕು."

"ದೋಣಿಯವನಾ? ನಾಲ್ಕು ಮಾತೂ ಇಲ್ಲ ಇವೋಂ, ಅವನಿಗೆ!"

"ಇರೋವಷ್ಟು ಸಾಕು. ಇನ್ನೊಂದು, ಆ ದೃಶ್ಯ ಬೇರೆ ಬೇರೆ ಮಾಡೋ ಹಾಗಿಲ್ಲ. ಹಿಂದಿನ ಥರ ಇಬ್ರೂ ಒಟ್ಟಿಗೆ ಕಂಬಿ ಹತ್ರ ನಿಲ್ಬೇಕು."

"ಯಾಕೆ ಅಂತ ಕೇಳ್ಲಾ?"

"ಹ್ಯಾಡನ್ ಜೊತೆ ನಾನು ಒಂದ್ಸಲಾನೂ ಮಾತಾಡಿಲ್ಲ ಕಣೋ. ಅವನ ಮಾತನ್ನೇ ಆಡ್ತಾ ಇದ್ದೆ."

ನವೆಂಬರಿನ ಒಂದು ಮಧ್ಯಾಹ್ನ ಇಬ್ಬರೂ ಒಂದೇ ಕಂಬಿಯ ಮುಂದೆ ನಿಂತರು. ದೋಣಿಯವನು ದಪ್ಪ ಮೀಸೆಯ, ಬೇಸರದ ಮುಖದ ಆಳು. ಆ ಪಾತ್ರ ಮಾಡಿದ ನಟನ ಹೆಸರನ್ನು ಬೆಸ್ನಾರ್ ಕೇಳಿ ತಿಳಿದುಕೊಂಡಿದ್ದರು. ಚಿತ್ರ ಓಡಿತು. ಹ್ಯಾಡನ್ ದಡದಲ್ಲಿ ಕೋಲೂರಿ ನಿಂತಿದ್ದ.

"ಹತ್ತೀರೋ ಇಲ್ವೋ ಯಜಮಾನ್ರೇ?" ಎಂದರು ಬೆಸ್ನಾರ್.

"ಯೋಚಿಸ್ತಿದ್ದೀನಿ," ಎಂದ ಪ್ರಾದೆಲ್.

ಜೊಸ್ಲೀನ್ ನಿಲ್ಲಿಸಿದಳು. "ನಡುವೆ ಯಾರದೋ ಉಸಿರು ಬಂತು."

ಪ್ರಾದೆಲ್ ನೆಲ ನೋಡಿದ. "ನಂದು," ಎಂದರು ಬೆಸ್ನಾರ್. ಪರದೆಯಲ್ಲಿ ಹ್ಯಾಡನ್‌ನ ಭುಜ ಏರಿದ್ದೇ ತಡ, ಅವರ ಎದೆಯೂ ತುಂಬಿಕೊಂಡಿತ್ತು.

"ಇನ್ನೊಂದ್ಸಲ."

ಮತ್ತೆ ಹಾಗೇ ಆಯಿತು. ಮೂರನೆಯ ಸಲ ಬೆಸ್ನಾರ್ ತಮ್ಮ ಮಾತು ಮುಗಿದ ಕೂಡಲೇ ಮೈಕಿನಿಂದ ಒಂದು ಹೆಜ್ಜೆ ಹಿಂದೆ ಸರಿದು, ಬಾಯಿಗೆ ಕೈ ಅಡ್ಡ ಹಿಡಿದು ನಿಂತರು. ಪ್ರಾದೆಲ್ ತನ್ನ ಮಾತನ್ನು ಆಡಿದ. ಬೆಸ್ನಾರ್ ಮುಂದೆ ಬಂದರು.

"ಯೋಚ್ನೆ ಆಚೆ ದಡದಲ್ಲಿ ಮಾಡಿ. ಕೂತ್ಕೊಳ್ಳಿ. ಕಾಲು ಹುಷಾರು."

ಹ್ಯಾಡನ್ ಕೂತ. ದೋಣಿ ಹೊರಟಿತು. "ಸಾಕು, ಚೆನ್ನಾಗಿದೆ," ಎಂದಳು ಜೊಸ್ಲೀನ್, ಬೆಳಕು ಹಾಕದೆಯೇ.

ಹೊರಗೆ ಕಾಫಿ ಯಂತ್ರದ ಬಳಿ ಪ್ರಾದೆಲ್ ಕಾಗದದ ಲೋಟವನ್ನು ಅವರ ಕೈಗಿತ್ತು, ಕೇಳಲೋ ಬೇಡವೋ ಎಂಬಂತೆ ನಿಂತ. "ಹೆಂಗಿತ್ತು, ಇವೋಂ?"

ಬೆಸ್ನಾರ್ ಕಾಫಿಯನ್ನು ಒಂದು ಗುಟುಕು ಕುಡಿದರು. ಅದು ಎಂದಿನಂತೆ ಕೆಟ್ಟದಾಗಿತ್ತು.

"ನಿನ್ನ ಹ್ಯಾಡನ್ ಚೆನ್ನಾಗಿದಾನೆ," ಎಂದರು. ಲೋಟವನ್ನು ಅಲ್ಲೇ ಇಟ್ಟು, ಕೋಟಿನ ತೋಳು ಹುಡುಕಿಕೊಂಡು, ಆಫೀಸು ಬಿಡುವ ಹೊತ್ತಿಗೆ ಮುಂಚೆ ಮೆಟ್ರೋ ಹತ್ತಿದರೆ ಕೂರಲು ಜಾಗ ಸಿಕ್ಕೀತೆಂದು ಹೊರಟರು.