ಬಟ್ಟಲು ಮುಳುಗುವ ನುಡಿ

ನನ್ನ ಗಡಿಯಾರ ನೋಡುವ ಚಟಕ್ಕೆ ಮನೆಯವರೆಲ್ಲ ನಗುತ್ತಾರೆ. ಜಯಪುರದಲ್ಲಿ ಬಸ್ಸು ಐದು ನಿಮಿಷ ತಡವಾದರೆ ಕಂಡಕ್ಟರನನ್ನು ತರಾಟೆಗೆ ತೆಗೆದುಕೊಳ್ಳುವವಳು ನಾನು. ಕೂತಲ್ಲಿ ಕೂರುವ ಗುಣ ನನಗೆ ಹುಟ್ಟಿನಿಂದಲೂ ಇಲ್ಲ. ಅಂಥವಳಿಗೆ ನಮ್ಮ ಮನೆತನದ ಹೆಣ್ಣೊಪ್ಪಿಸುವ ಹಾಡು ಎಂದರೆ ಶಿಕ್ಷೆಯೇ ಸರಿ.

ಆ ಹಾಡಿನೊಳಗೆ ಎಲ್ಲೂ ಇಲ್ಲದ ಒಂದು ರಾಜ್ಯವಿದೆ. ಅಲ್ಲಿ ಹೊತ್ತು ನೋಡುವುದು ನೀರಿನ ಹಂಡೆಯಲ್ಲಿ ತೇಲಿಬಿಟ್ಟ ತೂತು ಬಟ್ಟಲಿನಿಂದ. ನೀರು ತುಂಬಿ ಬಟ್ಟಲು ಮುಳುಗಿದರೆ ಒಂದು ಗಳಿಗೆ ಕಳೆಯಿತು. ಮದುವೆಯಾದ ಮಗಳನ್ನು ಆ ಗಳಿಗೆ ಕಳೆಯುತ್ತಲೇ ಕಳಿಸಿಕೊಡಬೇಕೆಂದು ರಾಜನ ಅಪ್ಪಣೆ. ತಾಯಿ ಹಾಡುತ್ತಾ ಮಗಳನ್ನು ಸಿಂಗರಿಸುತ್ತಾಳೆ. ಒಂದು ನುಡಿಗೆ ಹೂವು, ಒಂದು ನುಡಿಗೆ ಬಳೆ, ಒಂದಕ್ಕೆ ಕಾಲುಂಗುರ. ಅವಳು ಹಾಡುವಷ್ಟು ಹೊತ್ತು ಬಟ್ಟಲಿಗೆ ಒಂದು ಹನಿಯೂ ನುಗ್ಗುವುದಿಲ್ಲ. ಕೊನೆಯ ನುಡಿಯಲ್ಲಿ ಮಗಳ ಮಡಿಲು ತುಂಬಿ ತಾಯಿ ಸುಮ್ಮನಾಗುತ್ತಾಳೆ, ಬಟ್ಟಲು ಮುಳುಗುತ್ತದೆ.

ನಮ್ಮಲ್ಲಿ ಈ ಹಾಡು ಮುಗಿಯುವ ತನಕ ಮದುಮಗಳನ್ನು ಹಸೆಯಿಂದ ಎಬ್ಬಿಸುವಂತಿಲ್ಲ. ಅಲ್ಲಿಯವರೆಗೆ ಅವಳು ತವರಿನವಳೇ. ಕೊನೆಯ ನುಡಿ ಯಾರ ಬಾಯಿಂದ ಬಂದರೂ ಹಾಡು ಅಲ್ಲಿಗೆ ಮುಗಿದಂತೆ. ಮತ್ತೆ ಎತ್ತಿಕೊಳ್ಳುವ ಹಾಗಿಲ್ಲ.

ನನ್ನ ಮದುವೆಯಲ್ಲಿ ಹಾಡಿದವಳು ಬೇಗಾರಿನ ಚಿಕ್ಕಮ್ಮ, ಅಮ್ಮನ ತಂಗಿ. ಅಮ್ಮ ನನ್ನ ಬೆನ್ನ ಮೇಲೆ ಕೈಯಿಟ್ಟು ಪಕ್ಕದಲ್ಲಿ ಕೂತಿದ್ದಳು. ನನಗೋ ಕಾಲು ಜೋಮು ಹಿಡಿದಿತ್ತು, ಹೊಸ ಮನೆ ನೋಡುವ ಆತುರ ಬೇರೆ. ಹೂವಿನ ನುಡಿ ಮುಗಿಯುವಷ್ಟರಲ್ಲೇ "ಸಾಕು ಅಂತ ಹೇಳಮ್ಮಾ, ಎಷ್ಟು ಹೊತ್ತು" ಎಂದು ಪಿಸುಗುಟ್ಟಿದೆ. ಅಮ್ಮ ತಂಗಿಗೆ ಕಣ್ಸನ್ನೆ ಮಾಡಿದಳು. ಚಿಕ್ಕಮ್ಮ ಎರಡು ನುಡಿ ಹಾರಿಸಿ ನೇರವಾಗಿ ಕೊನೆಯದಕ್ಕೆ ಬಂದಳು. ನಾನು ಎದ್ದೆ. ಬೆನ್ನ ಮೇಲಿದ್ದ ಕೈ ಯಾವಾಗ ಜಾರಿತೆಂದು ನನಗೆ ಗೊತ್ತೇ ಆಗಲಿಲ್ಲ.

ಈ ವರ್ಷ ನನ್ನ ಮಗಳ ಮದುವೆ, ಒಂದು ಭಾನುವಾರ, ಕೊಪ್ಪದ ಕಲ್ಯಾಣಮಂಟಪದಲ್ಲಾಯಿತು. ಗಂಡಿನ ಮನೆ ನರಸಿಂಹರಾಜಪುರ, ಒಂದು ಗಂಟೆಯ ದಾರಿಯೂ ಅಲ್ಲ. ಅಮ್ಮ ಈಗಿಲ್ಲ. ಹಾಡಲು ಚಿಕ್ಕಮ್ಮನೇ ಬಂದಳು. ಎಂಬತ್ತರ ಹತ್ತಿರದ ಅವಳಿಗೆ ಇತ್ತೀಚೆಗೆ ಮರೆವು ಎಂದು ಕೇಳಿದ್ದೆ. ಒಲೆಯ ಮೇಲೆ ಹಾಲಿಟ್ಟು ಮರೆಯುತ್ತಾಳೆ, ಕೇಳಿದ್ದನ್ನೇ ಕೇಳುತ್ತಾಳೆ ಎಂದು. ಬೆಳಗಿನಿಂದಲೇ ಅವಳ ಮೇಲೆ ಒಂದು ಕಣ್ಣಿಟ್ಟಿದ್ದೆ.

ಊಟ ಮುಗಿದ ಮೇಲೆ ಮಗಳನ್ನು ಹಸೆಗೆ ಕೂರಿಸಿದೆವು. ಅಮ್ಮ ಕೂತಿದ್ದ ಹಾಗೆ ನಾನು ಪಕ್ಕದಲ್ಲಿ ಕೂತೆ. ಚಿಕ್ಕಮ್ಮನ ದನಿ ನಡುಗಿದರೂ ರಾಗ ತಪ್ಪಲಿಲ್ಲ. ಹೂವಿನದಾಯಿತು, ಬಳೆಯದಾಯಿತು, ಕಾಲುಂಗುರದ್ದಾಯಿತು. ಇನ್ನು ಮಡಿಲು ತುಂಬುವ ನುಡಿ ಬರಬೇಕು. ಬಂದದ್ದು ಮತ್ತೆ ಬಳೆ!

ಹೆಂಗಸರು ಮುಖ ಮುಖ ನೋಡಿಕೊಂಡರು. ಯಾರೋ ಕಿಸಕ್ಕೆಂದರು. ಹೊರಗೆ ವ್ಯಾನಿನವನು ಎಂಜಿನ್ ಚಾಲೂ ಮಾಡಿದ. ಬೀಗರು ಬಾಗಿಲಲ್ಲಿ ನಿಂತು, "ದೀಪ ಹಚ್ಚೋದ್ರೊಳಗೆ ಮನೆ ತುಂಬಿಸ್ಕಳ್ಬೇಕು, ಸ್ವಲ್ಪ ಬೇಗ ಆಗ್ಲಿ" ಎಂದರು. ನಾನು ಗಡಿಯಾರ ನೋಡಿದೆ. ಮತ್ತೆ ನೋಡಿದೆ. ಮಗಳು ನನ್ನ ಭುಜಕ್ಕೆ ತಲೆಯಾನಿಸಿ ಆರಾಮಾಗಿ ಕೂತಿದ್ದಳು. ಆತುರವೆಲ್ಲ ನನ್ನದೇ. ಎಲ್ಲರೆದುರು ಚಿಕ್ಕಮ್ಮನ ಮಾನ ಹೋಗುತ್ತದಲ್ಲ ಎಂಬ ಸಂಕಟ ಒಂದು ಕಡೆ, ಬೀಗರು ಏನೆಂದುಕೊಂಡಾರೋ ಎಂಬ ಭಯ ಇನ್ನೊಂದು ಕಡೆ. ಚಿಕ್ಕಮ್ಮ ಬಳೆಯ ನುಡಿ ಮುಗಿಸಿ ಉಸಿರೆಳೆದುಕೊಳ್ಳುವಷ್ಟರಲ್ಲಿ ನಾನೇ ಗಟ್ಟಿಯಾಗಿ ಕೊನೆಯ ನುಡಿ ಎತ್ತಿಕೊಂಡೆ. ಅವಳು ತಡೆಯಲು ಕೈ ಎತ್ತಿದಳು, ಆಮೇಲೆ ಇಳಿಸಿದಳು. ಹೆಂಗಸರೆಲ್ಲ ದನಿಗೂಡಿಸಿದರು. ಬಟ್ಟಲು ಮುಳುಗಿತು.

ಮಗಳು ಎದ್ದಳು. ಹತ್ತು ನಿಮಿಷದಲ್ಲಿ ವ್ಯಾನು ಹೊರಟೇಹೋಯಿತು.

ಮುಕ್ಕಾಲು ಗಂಟೆಯಾದ ಮೇಲೂ ಮಂಟಪದಲ್ಲಿ ಕುರ್ಚಿ ಎತ್ತಿಡುತ್ತಿದ್ದರು. ಚಿಕ್ಕಮ್ಮನಿಗೆ ಕಾಫಿ ಕೊಟ್ಟು, "ಮರ್ತೋಯ್ತಾ ಚಿಕ್ಕಮ್ಮ? ಬೇಜಾರ್ ಮಾಡ್ಕಬೇಡ, ನಾನಿದ್ನಲ್ಲ" ಎಂದೆ.

"ಮರೆಯಕ್ಕೆ ಎಂತ ಇದೆ ಮಾರಾಯ್ತಿ?" ಎಂದಳು. "ನಿನ್ನ ಮದ್ವೇಲಿ ನೀನು ಅವಸರ ಮಾಡ್ದೆ ಅಂತ ಬಳೇದು, ಕಾಲುಂಗುರದ್ದು ಎರಡೂ ಬಿಟ್ಟೆ. ಅಕ್ಕ ಸಾಯೋ ತನಕ ಅದನ್ನ ಹೇಳ್ಕಂಡು ಅಳ್ತಿದ್ಲು. ಅವಳಿಗೆ ಸಿಗದ ಆ ಎರಡು ನುಡಿ ನಿಂಗಾದ್ರೂ ಸಿಗ್ಲಿ ಅಂತ ಸೇರಿಸಿ ಹಾಡ್ತಿದ್ದೆ. ಕಾಲುಂಗುರದ್ದು ಇನ್ನೂ ಬಾಕಿ ಇತ್ತು."

ನನ್ನ ಮೇಲೆ ನನಗೇ ಸಿಟ್ಟು ಬಂತು. ಅಮ್ಮ ಅತ್ತದ್ದು ನನಗೆ ಗೊತ್ತೇ ಇರಲಿಲ್ಲ. ಅಷ್ಟರಲ್ಲಿ ಫೋನ್ ಬಂತು, ಮಗಳದು.

"ಬಂದು ಮುಟ್ಟಿದ್ವಿ ಅಮ್ಮಾ. ರಾಹುಕಾಲ ಕಳೀಲಿ ಅಂತ ಇವರ ಅಜ್ಜಿ ಹೇಳಿದ್ರಂತೆ, ಪಕ್ಕದ ಮನೇಲಿ ಕೂರ್ಸಿದಾರೆ. ಇನ್ನೂ ಒಂದು ಗಂಟೆ ಸುಮ್ನೆ ಕೂತಿರ್ಬೇಕು."

ಕಾಲುಂಗುರದ ನುಡಿಗೆ ಹಿಡಿಯುವುದು ಐದೇ ನಿಮಿಷ. ಫೋನಿಟ್ಟು ಚಿಕ್ಕಮ್ಮನ ಕಾಲ ಬಳಿ ಕೂತೆ. "ಆ ಒಂದು ನುಡಿ ಈಗ ಹಾಡೆ" ಎಂದೆ.

ಅವಳು ನನ್ನ ಬೆನ್ನ ಮೇಲೆ ಕೈಯಿಟ್ಟಳು. "ಮುಗಿದ ಹಾಡು ಮತ್ತೆ ಎತ್ತಂಗಿಲ್ಲ ಕಣೇ," ಎಂದಳು, "ನಿಂಗೆ ಗೊತ್ತಲ್ಲ."