ಗೆರೆ ಬಿಟ್ಟು ಹೋದ ಬಣ್ಣ

ಅವಳನ್ನು ಎಲ್ಲರೂ ಕಾಮಿಕ್ಸಕ್ಕ ಎಂದೇ ಕರೆಯುವುದು. ಅವಳ ಅಪ್ಪನದು ರದ್ದಿ ಅಂಗಡಿ. ಹಳೇ ಕಾಗದದ ಮೂಟೆಗಳ ನಡುವೆ ಹಡಗಿನಲ್ಲಿ ಬಂದ ಅಮೆರಿಕದ ಕಾಮಿಕ್ಸ್ ಪುಸ್ತಕಗಳೂ ಅಲ್ಲಿ ಬಂದು ಬೀಳುತ್ತಿದ್ದವು. ಹಾರುವ ಗಂಡಸರು, ಗುದ್ದುವ ಹೆಂಗಸರು, ಕುದುರೆ ಮೇಲಿನ ಟೋಪಿಯವರು. ಆ ಪುಟಗಳಲ್ಲಿ ಬಣ್ಣ ಗೆರೆಯೊಳಗೆ ಕೂರುತ್ತಲೇ ಇರಲಿಲ್ಲ. ಹೆಂಗಸಿನ ತುಟಿಯ ಕೆಂಪು ಕೆನ್ನೆಗೆ ಜಾರಿರುತ್ತಿತ್ತು, ನಾಯಕನ ನೀಲಿ ಅಂಗಿ ಅವನ ಮೈಯಿಂದ ಒಂದು ಬೆರಳು ಆಚೆ ನಿಂತಿರುತ್ತಿತ್ತು. ಅಷ್ಟು ಜೋರಾಗಿ ಓಡುವವರ ಬಣ್ಣ ಹಿಂದೆ ಉಳಿಯದೆ ಇನ್ನೇನು ಮಾಡೀತು ಎಂದುಕೊಂಡಳು ಹುಡುಗಿ. ಅಂದುಕೊಂಡದ್ದನ್ನು ಮತ್ತೆ ಬಿಡಲಿಲ್ಲ.

ಶಾಲೆಯ ಡ್ರಾಯಿಂಗ್ ಮೇಷ್ಟ್ರು ಕಿವಿ ಹಿಂಡಿದರು. ಕಿವಿ ಕೆಂಪಾಯಿತೇ ಹೊರತು ಬಣ್ಣ ಗೆರೆಯೊಳಗೆ ಬರಲಿಲ್ಲ. ದೊಡ್ಡವಳಾದ ಮೇಲೆ ಅಂಗಡಿಗಳಿಗೆ ಬೋರ್ಡು ಬರೆದಳು. ಕ್ಷೌರದಂಗಡಿಯವನು ತನ್ನ ಬೋರ್ಡು ನೋಡಿ, "ಕುಡಿದು ಬರೆದ್ಯೇನಮ್ಮಾ?" ಎಂದ. ನಾಟಕದವರಿಗೆ ಉಡುಪು ಮಾಡಿಕೊಟ್ಟಳು, ತಗಡು ಕತ್ತರಿಸಿ ಹಾರುವ ಮನುಷ್ಯರನ್ನು ಮಾಡಿದಳು. ಶನಿವಾರಗಳಂದು ಹೋಟೆಲೊಂದರಲ್ಲಿ ಗಿಟಾರ್ ಹಿಡಿದು, ತುಟಿಯ ಬಣ್ಣವನ್ನು ಬೇಕೆಂದೇ ಕೆನ್ನೆಗೆ ಬಳಿದುಕೊಂಡು, ತಾನೇ ಕಟ್ಟಿದ ಹಾಡು ಹಾಡಿದಳು. ಜನ ನಕ್ಕರು. ನಗಲಿ, ಟಿಕೆಟ್ ಕೊಂಡೇ ನಗುತ್ತಿದ್ದರಲ್ಲ!

ಉಡುಪುಗಳನ್ನು ಹೊಲಿದುಕೊಡುತ್ತಿದ್ದವಳು ಅಮ್ಮ. "ಊರಿಗೇ ಒಂದು ದಾರಿಯಾದ್ರೆ ಇವಳಿಗೇ ಒಂದು ದಾರಿ" ಎಂದು ಗೊಣಗುತ್ತಲೇ ಮೆಷಿನ್ ತುಳಿಯುತ್ತಿದ್ದಳು. ಕಲೆ ತಿಳಿದವರು ಮಾತ್ರ ಮೂಗು ಮುರಿದರು. "ನಮ್ಮದು ಅಂತ ಏನೂ ಇಲ್ವಾ ನಿಮ್ಮ ಹತ್ರ?" ಎಂದು ಕೇಳಿದರು. "ನಮ್ಮಪ್ಪನ ಅಂಗಡಿಗೆ ಬಂದದ್ದು ನಮ್ಮದಲ್ಲದೆ ಇನ್ಯಾರದು?" ಎಂದಳು ಕಾಮಿಕ್ಸಕ್ಕ. ಪ್ರದರ್ಶನಕ್ಕೆ ಜಾಗ ಮಾತ್ರ ಅವರು ಕೊಡಲಿಲ್ಲ.

ಐವತ್ತು ದಾಟಿದ ಮೇಲೆ ಕಡೆಗೂ ನಗರದ ಕಲಾಶಾಲೆ ತನ್ನ ದೊಡ್ಡ ಹಾಲ್ ಕೊಟ್ಟಿತು. ಚಿತ್ರ, ಉಡುಪು, ತಗಡಿನ ಬೊಂಬೆ ಎಲ್ಲ ಜೋಡಿಸಿಯಾಗಿತ್ತು. ಉದ್ಘಾಟನೆಯ ಹಿಂದಿನ ದಿನ ಬೆಳಿಗ್ಗೆ ಸಮಿತಿಯ ಒಬ್ಬ ಮುದುಕರು ಬಂದರು. ಪ್ರೆಸ್ಸಿನಲ್ಲಿ ಕೆಲಸ ಮಾಡಿ ನಿವೃತ್ತರಾದವರು. ಗೋಡೆಯ ಮೇಲೆ ಅಂಟಿಸಿದ್ದ ಹಳೇ ಕಾಮಿಕ್ಸ್ ಪುಟ ನೋಡಿ ಹೊಟ್ಟೆ ಹಿಡಿದುಕೊಂಡು ನಕ್ಕರು.

"ತಾಯೀ, ಇದು ಶೈಲಿ ಅಲ್ಲ, ಅಚ್ಚು ಜಾರಿರೋದು! ಒಂದೊಂದು ಬಣ್ಣ ಬೇರೆ ಬೇರೆಯಾಗಿ ಒತ್ತಬೇಕು. ಹಾಳೆ ಅಲುಗಿದ್ರೆ ಹೀಗಾಗತ್ತೆ. ಕೆಟ್ಟ ಪ್ರತಿ ಅಂತಲೇ ರದ್ದಿಗೆ ಹಾಕಿರ್ತಾರೆ."

ಕಾಮಿಕ್ಸಕ್ಕ ಅಲ್ಲೇ ಏಣಿಯ ಮೆಟ್ಟಿಲ ಮೇಲೆ ಕುಳಿತಳು. ಯಾರದೋ ಕೈತಪ್ಪನ್ನು ಚೆಲುವೆಂದು ನಂಬಿ ಇಡೀ ಆಯಸ್ಸು ಕಳೆದಿದ್ದಳು.

ಸುದ್ದಿ ಕಲಾಶಾಲೆಯ ನಿರ್ದೇಶಕರಿಗೆ ಮುಟ್ಟಿತು. ಅವರು ಓಡಿಬಂದು ಬಾಗಿಲು ಹಾಕಿಕೊಂಡರು. "ಇದು ಹೊರಗೆ ಹೋದ್ರೆ ನಮ್ಮ ಮಾನ ಹೋಗತ್ತೆ. ನೀವು ಒಂದೇ ಒಂದು ಮಾತು ಹೇಳಿ. ತಪ್ಪು ಅಂತ ಗೊತ್ತಿದ್ದೇ ಬರೆದೆ, ಅಮೆರಿಕಾನ ಅಣಕಿಸೋಕೆ ಬರೆದೆ ಅಂತ. ಅದನ್ನೇ ಬಾಗಿಲ ಹತ್ರ ಬರೆದು ಹಾಕ್ತೀವಿ. ಒಪ್ಪಿದ್ರೆ ನಾಳೆ ಪ್ರದರ್ಶನ, ಇಲ್ಲಾಂದ್ರೆ ಇಲ್ಲ."

"ಅಣಕ ಅಲ್ಲ ಸಾರ್. ನಂಗೆ ಅವರಂದ್ರೆ ಪ್ರಾಣ."

"ನಾಳೆ ಬೆಳಿಗ್ಗೆವರೆಗೂ ಯೋಚನೆ ಮಾಡಿ" ಎಂದು ಹೇಳಿ ಅವರು ಹೊರಟುಹೋದರು.

ಮನೆಗೆ ಬಂದು ಅಮ್ಮನ ಮುಂದೆ ಎಲ್ಲವನ್ನೂ ಹೇಳಿಕೊಂಡಳು.

"ಆ ಉಡುಪುಗಳ ಬಣ್ಣದ ತೇಪೆ ಗೆರೆಗೆ ಸರಿಯಾಗಿ ಕೂತಿಲ್ಲ ಅಂತ ನೂರು ಸಲ ಬಡ್ಕೊಂಡೆ ನಾನು" ಎಂದಳು ಅಮ್ಮ.

"ಮತ್ಯಾಕೆ ಹೊಲಿದುಕೊಟ್ಟೆ?"

"ಚೆನ್ನಾಗಿತ್ತು, ಅದಕ್ಕೆ."

ಕಾಮಿಕ್ಸಕ್ಕ ಅಮ್ಮನ ಮುಖವನ್ನೇ ನೋಡಿದಳು. ಆಮೇಲೆ ಬಣ್ಣದ ಡಬ್ಬಗಳನ್ನು ಎತ್ತಿಕೊಂಡಳು. ಇಬ್ಬರೂ ಹಾಲ್‌ಗೆ ಹೋದರು. ಮಧ್ಯಾಹ್ನವೆಲ್ಲ ಅಲ್ಲಿ ಬೇರೆ ಯಾರೂ ಇರಲಿಲ್ಲ. ಅಮ್ಮ ಏಣಿ ಹಿಡಿದು ನಿಂತಳು, ಮಗಳು ಹತ್ತಿದಳು.

ಮರುದಿನ ಬಾಗಿಲ ಹೊರಗೆ ಜನ ಸೇರಿದ್ದರು. ನಿರ್ದೇಶಕರು ಹಿಂಬಾಗಿಲಿನಿಂದ ಒಳಗೆ ಬಂದು ಅಲ್ಲೇ ನಿಂತುಬಿಟ್ಟರು. ಜೋಡಿಸಿದ್ದ ಚಿತ್ರಗಳ ಮೇಲ್ಗಡೆ, ಎಡಗೋಡೆಯ ಉದ್ದಕ್ಕೂ ಬರೀ ಕಪ್ಪು ಗೆರೆಯಲ್ಲಿ ಒಬ್ಬ ಹೆಂಗಸು ಹಾರುತ್ತಿದ್ದಳು. ನರೆತ ಜಡೆ, ದಪ್ಪ ಸೊಂಟ, ಸಾಕ್ಷಾತ್ ಕಾಮಿಕ್ಸಕ್ಕ. ಮೈಮೇಲೆ ಒಂದು ತೊಟ್ಟು ಬಣ್ಣವಿರಲಿಲ್ಲ. ಅವಳ ಬಣ್ಣವೆಲ್ಲ ಹಾಲ್ ದಾಟಿ ಎದುರಿನ ಗೋಡೆ ಸೇರಿತ್ತು: ಕೆಂಪು ತುಟಿ, ನೀಲಿ ಅಂಗಿ, ಗಾಳಿಗೆ ಬಿಚ್ಚಿದ ಹಳದಿ ಮೇಲುವಸ್ತ್ರ, ಯಾವ ಗೆರೆಯ ಹಂಗೂ ಇಲ್ಲದೆ.

"ಏನ್ರೀ ಇದು! ಅಣಕ ಅಂತ ಹೇಳ್ತೀರೋ ಇಲ್ವೋ?"

"ಇಲ್ಲ ಸಾರ್. ಉಳಿದಿದ್ದೆಲ್ಲ ತಪ್ಪು ಅಂತ ಗೊತ್ತಿಲ್ಲದೆ ಮಾಡಿದ್ದು, ಹಾಗಂತಲೇ ಎಲ್ಲರಿಗೂ ಹೇಳ್ತೀನಿ" ಎಂದಳು ಅವಳು. "ಇದೊಂದು ಮಾತ್ರ ಗೊತ್ತಾದ ಮೇಲೆ ಮಾಡಿದ್ದು."

ಹಾಗೆಂದು ತಾನೇ ಹೋಗಿ ಮುಂಬಾಗಿಲ ಚಿಲಕ ತೆಗೆದಳು.